ಲಗ್ನದ ಸುದ್ದಿ ಮೊದಲು ಯಾರಿಗೆ?

ನಮ್ಮ ಅಜ್ಜ ಊರಿನ ಎಲ್ಲರ ಮನೆಯ ಲಗ್ನದ ಸುದ್ದಿ ಹೊತ್ತವನು. ನವಲಗುಂದ ತಾಲೂಕಿನ ಎರೆಹೊಲದ ಊರು ನಮ್ಮದು. ಗೌಡರ ಮನೆಯಲ್ಲಾಗಲಿ ಸಾಹುಕಾರರ ಮನೆಯಲ್ಲಾಗಲಿ ಲಗ್ನದ ದಿನ ಗೊತ್ತಾಯಿತೆಂದರೆ ಮೊದಲು ಕರೆ ಬರುತ್ತಿದ್ದದ್ದು ನಮ್ಮ ಕೇರಿಗೆ. "ಏ, ನಾಳೆ ನಸಿಕಿನ್ಯಾಗ ನರಗುಂದದ ಕಡೆ ಹೊಂಡು" ಎಂದರೆ ಮುಗಿಯಿತು. ಹೆಗಲ ಮೇಲೆ ಕಂಬಳಿ, ಕೈಯಲ್ಲಿ ಬಡಿಗೆ, ಅರಿವೆಯಲ್ಲಿ ಎರಡು ಕಟಕ ರೊಟ್ಟಿ ಕಟ್ಟಿಕೊಂಡು ಅಜ್ಜ ಹೊರಡುತ್ತಿದ್ದ. ನರಗುಂದ, ರೋಣ, ಸವದತ್ತಿ ಕಡೆಯ ಹಳ್ಳಿಗಳಿಗೆಲ್ಲ ನಡೆದೇ ಹೋಗಬೇಕು. ಬೆಣ್ಣೆಹಳ್ಳ ತುಂಬಿ ಬಂದರೆ ದಂಡೆಯ ಮೇಲೆ ಕೂತು ನೀರು ಇಳಿಯುವ ತನಕ ಕಾಯಬೇಕು. ಬೀಗರ ಊರು ಮುಟ್ಟಿದರೂ ಮನೆಯೊಳಗೆ ಕಾಲಿಡುವಂತಿಲ್ಲ. ಅಂಗಳದ ಆಚೆ ನಿಂತು, "ಇಂಥಾ ಊರ ಇಂಥಾ ಗೌಡ್ರ ಮಗಳ ಲಗ್ನಾರೀ, ಇಂಥಾ ದಿನ ಅಕ್ಕಿಕಾಳು" ಎಂದು ಕೂಗಿ ಹೇಳಬೇಕು. ಅವರು ಮೇಲಿನಿಂದ ಒಂದಿಷ್ಟು ಜೋಳ ಸುರುವಿದರೆ ಕಂಬಳಿಯೊಡ್ಡಿ ಹಿಡಿದುಕೊಂಡು ತಿರುಗಿ ಬರಬೇಕು.

ಇದು ಒಬ್ಬ ಅಜ್ಜನ ಕತೆಯಲ್ಲ. ಅಸ್ಪೃಶ್ಯರ ಮೇಲೆ ಹಳ್ಳಿ ಹೇರಿದ ಕೆಲಸಗಳ ಪಟ್ಟಿಯನ್ನು ಅಂಬೇಡ್ಕರರು ಬರೆದಿಟ್ಟಿದ್ದಾರೆ. ಸವರ್ಣರ ಮನೆಯ ಸಾವಿನ ಸುದ್ದಿ, ಮದುವೆಯ ಸುದ್ದಿಯನ್ನು ಬೇರೆ ಊರಿನ ನೆಂಟರಿಗೆ, ಆ ಊರು ಎಷ್ಟೇ ದೂರವಿರಲಿ, ಹೋಗಿ ಮುಟ್ಟಿಸುವುದು ಆ ಪಟ್ಟಿಯಲ್ಲಿದೆ. ನಮ್ಮ ಧಾರವಾಡ ಜಿಲ್ಲೆ ಆಗ ಮುಂಬೈ ಪ್ರಾಂತ್ಯದಲ್ಲಿತ್ತು. 1928ರಲ್ಲಿ ಬಾಬಾಸಾಹೇಬರು ಮುಂಬೈ ಶಾಸನಸಭೆಯಲ್ಲಿ ಈ ವತನದ ಬಿಟ್ಟಿ ಚಾಕರಿಯ ಕಾನೂನನ್ನು ತಿದ್ದಲು ಮಸೂದೆ ತಂದರು. ನಮ್ಮ ರಾಜ್ಯದಲ್ಲಿ ಗ್ರಾಮ ಹುದ್ದೆಗಳ ರದ್ದತಿ ಕಾಯ್ದೆ ಆದದ್ದು 1961ರಲ್ಲಿ, ಜಾರಿಗೆ ಬಂದದ್ದು 1963ರಲ್ಲಿ. ನಾನು ಹುಟ್ಟಿದ್ದು 1966ರಲ್ಲಿ. ಅಜ್ಜ ಸುದ್ದಿ ಹೊತ್ತು ನಡೆಯುವುದನ್ನು ನಾನೇ ಕಣ್ಣಾರೆ ಕಂಡಿದ್ದೇನೆ ಎಂದ ಮೇಲೆ ಕಾಯ್ದೆ ಎಲ್ಲಿ ನಿಂತಿತ್ತು, ಅಜ್ಜ ಎಲ್ಲಿ ನಡೆಯುತ್ತಿದ್ದ ಎಂಬುದನ್ನು ನೀವೇ ಊಹಿಸಿ.

ಊರ ಲಗ್ನದ ಸುದ್ದಿ ನಮಗೆ ಎಲ್ಲರಿಗಿಂತ ಮೊದಲೇ ತಿಳಿಯುತ್ತಿತ್ತು. ಅದು ಊಟದ ಕರೆಯಲ್ಲ, ಕಟ್ಟಿಗೆಯ ಕರೆ. ತಿಂಗಳು ಮೊದಲೇ ಜಾಲಿ ಕಡಿದು ಒಣಗಿಸಬೇಕು, ಅಂಗಳ ಕೆತ್ತಬೇಕು, ಹಂದರಕ್ಕೆ ಗಳ ತರಬೇಕು. ಅಕ್ಕಿಕಾಳಿನ ಹೊತ್ತಿಗೆ ಹಲಗೆ ಬಾರಿಸುತ್ತ ದೂರ ನಿಲ್ಲಬೇಕು. ಎಲ್ಲರ ಪಂಕ್ತಿ ಎದ್ದ ಮೇಲೆ ಉಳಿದದ್ದನ್ನು ಬುಟ್ಟಿಯಲ್ಲಿ ಇಸಿದುಕೊಂಡು ಕೇರಿಗೆ ಬರಬೇಕು.

ಹಾಗಾದರೆ ನಮ್ಮ ಕೇರಿಯ ಲಗ್ನದ ಸುದ್ದಿ ಯಾರು ಹೊರುತ್ತಿದ್ದರು? ಯಾರೂ ಇಲ್ಲ. ಅಜ್ಜಿ ಸಂತೆಯಲ್ಲಿ ಕಂಡವರ ಕೈಲಿ ಹೇಳಿ ಕಳಿಸುತ್ತಿದ್ದಳು. ಮುಟ್ಟಿದರೆ ಮುಟ್ಟಿತು, ಇಲ್ಲದಿದ್ದರೆ ಇಲ್ಲ. ದಿನವನ್ನೂ ನಾವು ಇಟ್ಟುಕೊಳ್ಳುತ್ತಿರಲಿಲ್ಲ. ಗೌಡರ ಹೊಲದ ಸುಗ್ಗಿ ಮುಗಿಯಬೇಕು, ಅವರ ಮನೆಯ ಲಗ್ನ ಇರಬಾರದು, ಅದರ ನಡುವೆ ಉಳಿದ ಒಂದು ದಿನ ನಮ್ಮದು. ಬಾಬಾಸಾಹೇಬರ ಮೊದಲ ಮದುವೆ ಮುಂಬೈಯ ಬೈಕಲಾ ಮಾರುಕಟ್ಟೆಯ ಛಾವಣಿಯ ಕೆಳಗೆ ನಡೆಯಿತು. ರಾತ್ರಿ, ಮಾರುವವರೆಲ್ಲ ಎದ್ದು ಹೋದ ಮೇಲೆ. ಬೆಳಗಾಗಿ ಮತ್ತೆ ಪೇಟೆ ಕೂಡುವುದರೊಳಗೆ ಜಾಗ ಬಿಟ್ಟುಕೊಡಬೇಕಿತ್ತು. ಮಂದಿಯ ಹೊತ್ತು ಮುಗಿದ ಮೇಲೆ ನಮ್ಮ ಹೊತ್ತು ಶುರುವಾಗುವುದು ಹಳ್ಳಿಯಲ್ಲಿ ಮಾತ್ರ ಅಲ್ಲ, ಅಂಥ ಮಹಾನಗರದಲ್ಲೂ ಇತ್ತು.

ಇಷ್ಟೆಲ್ಲ ತಿಳಿದವನು ನಾನು. ಓದಿದವನು, ಸಂಘಟನೆಯಲ್ಲಿ ಓಡಾಡಿದವನು, ಭಾಷಣ ಮಾಡಿದವನು. ಆದರೂ 2014ರ ಬೇಸಿಗೆಯಲ್ಲಿ ಹಿರಿಮಗಳ ಲಗ್ನ ಮಾಡಿದಾಗ ಅದೇ ಗೌಡಕಿಯ ಕೆಲಸ ನಾನೂ ಮಾಡಿದೆ. ಅದನ್ನು ಹೇಳಿಕೊಳ್ಳಲಿಕ್ಕೇ ಇದನ್ನು ಬರೆಯುತ್ತಿದ್ದೇನೆ.

ಮೊದಲು ನಮ್ಮ ಕಾಕಾನ ವಿಷಯ ಹೇಳಬೇಕು. ಅಪ್ಪನ ತಮ್ಮ. ಬರಗಾಲಕ್ಕೆ ಊರು ಬಿಟ್ಟು ಗೋವಾಕ್ಕೆ ಹೋದವನು ಅಲ್ಲೇ ಉಳಿದ. ವಾಸ್ಕೋದ ಬಂದರಿನ ಹತ್ತಿರ ಕೂಲಿ, ಆಮೇಲೆ ಕಟ್ಟಡದ ಕೆಲಸ. ಹುಬ್ಬಳ್ಳಿ-ಧಾರವಾಡದ ಸುತ್ತಿನ ಹಳ್ಳಿಗಳಿಂದ, ಗದಗ, ಬಾಗಲಕೋಟೆ, ವಿಜಯಪುರದ ಕಡೆಯಿಂದ ಗೋವಾಕ್ಕೆ ದುಡಿಯಲು ಹೋದವರ ಲೆಕ್ಕ ಇಟ್ಟವರಾರು? ಅಲ್ಲಿನ ಗೋಡೆಗೋಡೆಯಲ್ಲಿ ನಮ್ಮವರ ಬೆವರಿದೆ. ನಾನು ಧಾರವಾಡದಲ್ಲಿ ಕಾಲೇಜು ಓದುವಾಗ ಕಾಕಾ ತಿಂಗಳಿಗೊಮ್ಮೆ ಮನಿಆರ್ಡರ್ ಕಳಿಸುತ್ತಿದ್ದ. ಅದರ ಕೆಳಗಿನ ತುಂಡು ಕಾಗದದಲ್ಲಿ ಯಾರ ಕೈಲೋ ಬರೆಸಿದ ಒಂದೇ ಸಾಲು ಇರುತ್ತಿತ್ತು, ಚೆನ್ನಾಗಿ ಓದು ಅಂತ. ಅವನ ಮಗ, ನನಗೆ ತಮ್ಮನಾಗಬೇಕು, ಶಾಲೆ ಬಿಟ್ಟು ಹದಿನಾಲ್ಕನೆಯ ವಯಸ್ಸಿಗೆ ಅಪ್ಪನ ಜೊತೆ ಬುಟ್ಟಿ ಹೊತ್ತ. ನಾನು ಮಾಸ್ತರನಾದೆ. ಹುಬ್ಬಳ್ಳಿಯಲ್ಲಿ ಮನೆ ಮಾಡಿದೆ.

ಹಿರಿಮಗಳ ಲಗ್ನಕ್ಕೆ ಚಂದದ ಪತ್ರಿಕೆ ಮಾಡಿಸಿದೆ. ಬುದ್ಧ, ಬಸವ, ಅಂಬೇಡ್ಕರರ ಚಿತ್ರ ಹಾಕಿಸಿದೆ. ಪತ್ರಿಕೆ ಬಂದ ದಿನವೇ ಹೊಸ ಅಂಗಿ ತೊಟ್ಟು ಹಂಚಲು ಹೊರಟೆ. ಎಲ್ಲಿಗೆ? ಇಲಾಖೆಯ ಸಾಹೇಬರ ಮನೆಗೆ. ಮುಖ್ಯಾಧ್ಯಾಪಕರ ಮನೆಗಳಿಗೆ. ರಾಜಕಾರಣದವರ ಬಾಗಿಲಿಗೆ. ನಮ್ಮ ಓಣಿಯ ಮೇಲ್ಜಾತಿಯ ಮನೆಗಳಿಗೆ. ನನ್ನ ಮನೆಯ ಲಗ್ನಕ್ಕೆ ಇಂಥಿಂಥವರು ಬಂದಿದ್ದರು ಎಂದು ಊರಿನಲ್ಲಿ ಹೇಳಿಸಿಕೊಳ್ಳುವ ಆಸೆ. ಅವರೆಲ್ಲ ನಮ್ಮ ಮನೆಯಿಂದ ಅರ್ಧ ತಾಸಿನ ದಾರಿಯಲ್ಲಿದ್ದವರು. ಅವರಿಗೆ ತಿಂಗಳು ಮೊದಲೇ ಪತ್ರಿಕೆ ಮುಟ್ಟಿತು. ಘಟ್ಟದ ಕೆಳಗೆ ಇದ್ದ ಕಾಕಾನಿಗೆ ಒಂದು ಪತ್ರಿಕೆ ಟಪಾಲಿಗೆ ಹಾಕಿ ಮರೆತೆ. ಕೆಲಸ ಇದ್ದ ಕಡೆಗೆ ಶೆಡ್ಡು ಬದಲಿಸುವವರಿಗೆ ಎಲ್ಲಿಯ ವಿಳಾಸ? ಹೋದ ಪತ್ರಿಕೆ ಎಲ್ಲಿ ಬಿತ್ತೋ. ಲಗ್ನಕ್ಕೆ ಒಂಬತ್ತು ದಿನ ಇದ್ದಾಗ ನನ್ನ ಹೆಂಡತಿ ಕೇಳಿದಳು, "ಗೋವಾದವರಿಗೆ ಮುಟ್ಟೇತೇನ್ರಿ?" ಆಗ ಫೋನ್ ಮಾಡಿದೆ. ತಮ್ಮ ಹ್ಞೂಂ ಅಂದ, ಜಾಸ್ತಿ ಮಾತಾಡಲಿಲ್ಲ.

ಬುಧವಾರ ಲಗ್ನ. ಮಧ್ಯಾಹ್ನ ಹನ್ನೆರಡೂವರೆಗೆ ಅಕ್ಕಿಕಾಳು ಬಿತ್ತು. ಸಾಹೇಬರು ಬಂದರು, ಫೋಟೋ ತೆಗೆಸಿಕೊಂಡರು, ಹೋದರು. ಸಂಜೆ ಐದರ ಸುಮಾರಿಗೆ ಅಡಿಗೆಯವರು ಹಂಡೆ ತೊಳೆಯುತ್ತಿದ್ದಾಗ ತಮ್ಮ ಬಂದ. ಹಿಂದೆ ಅವನ ಹೆಂಡತಿ, ಕಂಕುಳಲ್ಲಿ ಕೂಸು. ಅವನ ಉಗುರಿನ ಸಂದಿಯಲ್ಲಿ ಇನ್ನೂ ಸಿಮೆಂಟು ಇತ್ತು. ನಾನು ಎಲ್ಲರ ಮುಂದೆ ಹಿರಿಯನ ದನಿಯಲ್ಲಿ, "ಯಾಕೋ ತಮ್ಮಾ, ಇಷ್ಟ ತಡಾ?" ಎಂದೆ.

ಅವನು ಚೀಲ ಕೆಳಗಿಟ್ಟ. "ಅಣ್ಣಾ, ನಾ ತಡಾ ಮಾಡ್ಲಿಲ್ಲ. ನೀ ಹೇಳಿದ್ದ ತಡಾ ಆತು" ಎಂದ.

ರಾತ್ರಿ ಉಳಿದ ಸಾರು ಅನ್ನ ಉಣ್ಣುತ್ತ ಅವನು ನನಗೆ ಲೆಕ್ಕ ಬಿಡಿಸಿದ. ಮಂಗಳವಾರ ಅವರಲ್ಲಿ ಸ್ಲ್ಯಾಬು. ಸ್ಲ್ಯಾಬು ಹಾಕುವ ದಿನ ಕೆಲಸ ನಡುವೆ ನಿಲ್ಲುವಂತಿಲ್ಲ. ಮುಂಜಾನೆ ಶುರುವಾದರೆ ಮುಗಿಯುವ ತನಕ ಒಂದೇ ಸಮ ಮಾಲು ಸುರಿಯಬೇಕು, ಒಂದು ಕೈ ಕಡಿಮೆಯಾದರೂ ಉಳಿದವರ ಮೇಲೆ ಬೀಳುತ್ತದೆ. ಆ ದಿನ ಬಿಟ್ಟು ಹೋದವನನ್ನು ಮೇಸ್ತ್ರಿ ಮತ್ತೆ ಸೇರಿಸಿಕೊಳ್ಳುವುದಿಲ್ಲ. ಬಟವಾಡೆ ಶನಿವಾರ. ವಾರದ ನಡುವೆ ಹೊರಟರೆ ಕೈಯಲ್ಲಿ ಗಾಡಿಖರ್ಚಿಗೂ ರೊಕ್ಕ ಇರುವುದಿಲ್ಲ, ಸಾಲ ಮಾಡಬೇಕು. "ಒಂದ ತಿಂಗಳ ಮೊದಲ ಹೇಳಿದ್ರ ಬದಲಿ ಆಳು ಹಚ್ಚಿ ಬರ್ತಿದ್ದೆ ಅಣ್ಣಾ. ನಿಮ್ಮ ಸಾಹೇಬಗ ನಿನ್ನಿ ಹೇಳಿದ್ರೂ ಇವತ್ತ ಬರ್ತಿದ್ದ. ಅವಂಗ ಕಾರ್ ಐತಿ. ನಮಗ ಒಂಬತ್ತ ದಿನ ಅಂದ್ರ ಕರದಂಗಲ್ಲ, ಸುದ್ದಿ ಮುಟ್ಟಿಸಿದಂಗ."

ಕಾಕಾ ಬಂದಿರಲಿಲ್ಲ. ಜಡ್ಡಾಗಿ ಮಲಗಿದ್ದ. ಐದು ನೂರು ರೂಪಾಯಿ ಆಯೇರಿ ಮಗನ ಕೈಲಿ ಕಳಿಸಿದ್ದ. ಮುಂದಿನ ವರ್ಷ ತೀರಿಕೊಂಡ. ಆ ಸುದ್ದಿ ಅರ್ಧ ತಾಸಿನಲ್ಲಿ ನನಗೆ ಮುಟ್ಟಿತು. ನಾನು ಅದೇ ರಾತ್ರಿ ಹೊರಟು ಮಣ್ಣಿಗೆ ಹೋದೆ. ಯಾರ ಮನಿಆರ್ಡರಿನಲ್ಲಿ ಓದಿದ್ದೆನೋ ಅವನಿಗೆ ನನ್ನ ಮಗಳ ಲಗ್ನದ ದಿನ ಹೇಳಲು ನನಗೆ ಮೂರು ವಾರ ಪುರಸೊತ್ತಾಗಿರಲಿಲ್ಲ. ಸಾವಿಗಾದರೆ ಕರೆಯದೆ ಬರುತ್ತಾರೆ ಎಂದು ನಮ್ಮವರ ಬಗ್ಗೆ ನಮಗೆ ಧೈರ್ಯ. ಲಗ್ನಕ್ಕೂ ಹಾಗೇ ಬರಲಿ ಎಂದು ಬಿಟ್ಟುಬಿಡುತ್ತೇವೆ.

ಈಗ 2025ರ ಮಾತಿಗೆ ಬರುತ್ತೇನೆ.

ಕಿರಿಮಗಳು ಧಾರವಾಡದಲ್ಲಿ ಕೆಲಸದಲ್ಲಿದ್ದಾಳೆ. ತನ್ನ ಜೊತೆ ಓದಿದ ಹುಡುಗನನ್ನೇ ಆಗುತ್ತೇನೆ ಎಂದಳು. ಹುಡುಗ ಮೇಲಿನ ಜಾತಿಯವನು. ಶಾಸ್ತ್ರ ಬೇಡ, ಪುರೋಹಿತ ಬೇಡ ಎಂದು ಇಬ್ಬರೂ ಗಟ್ಟಿಯಾಗಿ ಹೇಳಿದರು. ನನಗೆ ಒಳಗೊಳಗೆ ಹೆಮ್ಮೆ. ನನ್ನ ಹೆಂಡತಿಗೆ ಹೆದರಿಕೆ. ಹೆಮ್ಮೆಗಿಂತ ಹೆದರಿಕೆಗೇ ಹೆಚ್ಚು ಕಾರಣಗಳಿದ್ದವು.

ಕಾಯ್ದೆ ಏನು ಹೇಳುತ್ತದೆ ನೋಡಿ. 1955ರ ಹಿಂದೂ ವಿವಾಹ ಕಾಯ್ದೆಯಲ್ಲಿ ಶಾಸ್ತ್ರ ಮಾಡಿ ಲಗ್ನವಾದರೆ ಯಾರಿಗೂ ಮುಂಚಿತ ನೋಟಿಸು ಕೊಡಬೇಕಾಗಿಲ್ಲ. ಶಾಸ್ತ್ರ ಬೇಡ ಎಂದು 1954ರ ವಿಶೇಷ ವಿವಾಹ ಕಾಯ್ದೆಗೆ ಹೋದರೆ ಮೊದಲು ವಿವಾಹಾಧಿಕಾರಿಗೆ ನೋಟಿಸು ಕೊಡಬೇಕು. ಹುಡುಗ ಹುಡುಗಿಯಲ್ಲಿ ಒಬ್ಬರಾದರೂ ಆ ಜಿಲ್ಲೆಯಲ್ಲಿ 30 ದಿನ ವಾಸವಿದ್ದಿರಬೇಕು. ಆ ನೋಟಿಸನ್ನು ಕಚೇರಿಯಲ್ಲಿ ಎಲ್ಲರಿಗೂ ಕಾಣುವ ಹಾಗೆ ಹಚ್ಚುತ್ತಾರೆ. ಕಾಯಂ ವಾಸ ಬೇರೆ ಜಿಲ್ಲೆಯಾದರೆ ಅಲ್ಲಿಗೂ ಒಂದು ಪ್ರತಿ ಹೋಗುತ್ತದೆ. 30 ದಿನದೊಳಗೆ ಯಾರು ಬೇಕಾದರೂ ಆಕ್ಷೇಪ ಹಾಕಬಹುದು. ಅದು ಮುಗಿದ ಮೇಲೆ ಮೂವರು ಸಾಕ್ಷಿಗಳ ಮುಂದೆ ಸಹಿ. ನೋಟಿಸು ಕೊಟ್ಟು ಮೂರು ತಿಂಗಳೊಳಗೆ ಲಗ್ನವಾಗದಿದ್ದರೆ ಮತ್ತೆ ಹೊಸ ನೋಟಿಸು. ತಮಿಳುನಾಡಿನಲ್ಲಿ 1967ರ ತಿದ್ದುಪಡಿಯಿಂದ ಪುರೋಹಿತನಿಲ್ಲದ ಸ್ವಾಭಿಮಾನ ಮದುವೆಗೆ ಹಿಂದೂ ವಿವಾಹ ಕಾಯ್ದೆಯಲ್ಲೇ ಜಾಗ ಮಾಡಿಕೊಟ್ಟರು. ನಮ್ಮಲ್ಲಿ ಅಂಥ ತಿದ್ದುಪಡಿ ಇಲ್ಲ. ಪುರೋಹಿತಶಾಹಿಯನ್ನು ಬೇಡ ಎಂದವರ ಲಗ್ನವೇ ಗೋಡೆಯ ಮೇಲೆ ಏರಬೇಕು.

ಒಂದು ರಾತ್ರಿ ಮನೆಮಂದಿಯೆಲ್ಲ ಕೂತು ಹೊರಗೆ ದುಡಿಯಲು ಹೋದವರ ಪಟ್ಟಿ ಮಾಡಿದೆವು. ಈ ಸಲ ಮೊದಲು ದಿನ ನೋಡಿ ಆಮೇಲೆ ಜನರಿಗೆ ಹೇಳುವುದಲ್ಲ. ಮೊದಲು ಜನರ ಹೊತ್ತು ನೋಡಿ ಆಮೇಲೆ ದಿನ ಎಂದು ನಾನೇ ಹಟ ಹಿಡಿದೆ.

ವಾಸ್ಕೋದ ತಮ್ಮನಿಗೆ ಮಳೆಗಾಲದಲ್ಲಿ ಸ್ಲ್ಯಾಬಿನ ಕೆಲಸ ಕಡಿಮೆ. ತಂಗಿಯ ಮಗ ಮಲ್ಪೆಯ ದೋಣಿಯಲ್ಲಿದ್ದಾನೆ. ಕರಾವಳಿಯಲ್ಲಿ ಜೂನ್ 1ರಿಂದ ಜುಲೈ 31ರ ತನಕ ಯಾಂತ್ರಿಕ ದೋಣಿಗಳು ಕಡಲಿಗೆ ಇಳಿಯುವಂತಿಲ್ಲ, ಆ ಎರಡು ತಿಂಗಳು ಅವನು ಊರಲ್ಲೇ. ಅಕ್ಕನ ಮಗಳು ಬೆಂಗಳೂರಿನ ಗಾರ್ಮೆಂಟ್ಸಿನಲ್ಲಿ. ಅವಳಿಗೆ ಸೂಟಿ ಭಾನುವಾರ ಒಂದೇ, ಶನಿವಾರ ತಪ್ಪಿಸಿದರೆ ತಿಂಗಳ ಹಾಜರಿ ಬೋನಸ್ಸು ಹೋಗುತ್ತದೆ. 2023ರ ಜೂನ್‌ನಿಂದ ಹೆಣ್ಣುಮಕ್ಕಳಿಗೆ ಸಾದಾ ಬಸ್ಸು ಪುಕ್ಕಟೆ ಆದದ್ದರಿಂದ ಅವಳ ಖರ್ಚು ಉಳಿಯಿತು, ಗಂಡನ ಟಿಕೀಟು ಉಳಿಯಲಿಲ್ಲ. ದೊಡ್ಡಪ್ಪನ ಮಗ ಮುಂಬೈಯಲ್ಲಿ. ಅವನು ವಯಸ್ಸಾದವನು, ಮಂಡಿನೋವು, ಜನರಲ್ ಡಬ್ಬಿಯಲ್ಲಿ ನಿಂತು ಬರಲಾರ. ರಿಸರ್ವೇಶನ್ ಮೊದಲು 120 ದಿನ ಮುಂಚೆ ತೆರೆಯುತ್ತಿತ್ತು, 2024ರ ನವೆಂಬರ್ 1ರಿಂದ 60 ದಿನಕ್ಕೆ ಇಳಿಸಿದ್ದಾರೆ. ಆ 60ನೆಯ ದಿನವೇ ಟಿಕೀಟು ಮಾಡಿಸದಿದ್ದರೆ ಆಮೇಲೆ ವೇಟಿಂಗ್ ಲಿಸ್ಟು, ಇಲ್ಲವೇ ಹಿಂದಿನ ದಿನದ ತತ್ಕಾಲ್ ಎಂಬ ಜೂಜು. 2023ರಲ್ಲಿ ನಮ್ಮ ಹುಬ್ಬಳ್ಳಿ ನಿಲ್ದಾಣದ ಫ್ಲಾಟ್‌ಫಾರ್ಮನ್ನು 1507 ಮೀಟರ್ ಮಾಡಿದರು, ಜಗತ್ತಿನಲ್ಲೇ ಉದ್ದ ಎನ್ನುತ್ತಾರೆ. ಅಷ್ಟು ಉದ್ದದ ಫ್ಲಾಟ್‌ಫಾರ್ಮಿನಲ್ಲೂ ಜನರಲ್ ಡಬ್ಬಿ ನಿಲ್ಲುವುದು ಗಾಡಿಯ ತುದಿಗೆ, ನಮ್ಮವರು ಓಡುವುದು ಅಲ್ಲಿಗೇ.

ಎಲ್ಲರ ಹೊತ್ತನ್ನೂ ಕೂಡಿಸಿ ನೋಡಿದಾಗ ಜುಲೈ ತಿಂಗಳ ಎರಡನೆಯ ಭಾನುವಾರ ಬಂತು. 13ನೇ ತಾರೀಖು. ಕಚೇರಿ ಭಾನುವಾರ ತೆರೆಯುವುದಿಲ್ಲವಾದ್ದರಿಂದ 11ಕ್ಕೆ, ಶುಕ್ರವಾರ, ಸಹಿ. ಭಾನುವಾರ ಊಟ.

"ಅದು ಆಷಾಢ" ಎಂದಳು ಹೆಂಡತಿ.

ಹೌದು, ಆಷಾಢ. ಪಂಚಾಂಗ ಮಾಡಿದವರಿಗೆ ಲಗ್ನ ಕೂಡದ ಮಾಸ. ಆದರೆ ನಮ್ಮ ಹುಡುಗರ ದೋಣಿ ನಿಲ್ಲುವುದು, ಸ್ಲ್ಯಾಬು ನಿಲ್ಲುವುದು ಅದೇ ಹೊತ್ತಿಗೆ. ಪಂಚಾಂಗ ಬರೆಯುವಾಗ ಇವರನ್ನು ಯಾರೂ ಕೇಳಿರಲಿಲ್ಲ. ಊರಲ್ಲಿದ್ದವರಿಗೆ ಹೆಸರಿನ ಹೊಲದ ಕಳೆ ಇರುತ್ತದೆ, ನಿಜ. ಅವರದು ಒಂದು ದಿನದ ಬಸ್ಸಿನ ಮಾತು. ಇನ್ನೊಂದು ಲಾಭವೂ ಆಯಿತು. ಆಷಾಢದಲ್ಲಿ ಮಂಗಲ ಕಾರ್ಯಾಲಯಗಳೆಲ್ಲ ಖಾಲಿ. ಬೇಸಿಗೆಯಲ್ಲಿ ಕೇಳಿದ್ದ ಬಾಡಿಗೆಯ ಅರ್ಧಕ್ಕೆ ನಮಗೆ ಜಾಗ ಸಿಕ್ಕಿತು.

ಹೆಂಡತಿಯ ನಿಜವಾದ ಪ್ರಶ್ನೆ ಆಷಾಢದ್ದಾಗಿರಲಿಲ್ಲ. "ಎರಡ ತಿಂಗಳ ಮೊದಲ ನಮ್ಮ ಮಂದಿಗೆ ಹೇಳಿದ್ರ ಹುಡುಗನ ಮನ್ಯಾವ್ರಿಗೆ ಗೊತ್ತಾಗೂದಿಲ್ಲೇನು? ಕಲ್ಯಾಣದಾಗ ಹರಳಯ್ಯ, ಮಧುವರಸ ಬೀಗರಾಗಿದ್ದಕ್ಕ ಏನಾತು ಅನ್ನೂದು ಮಾಸ್ತರಗ ನಾ ಹೇಳ್ಬೇಕೇನು? ಹೆಣ್ಣುಹುಡುಗಿ ದಿನಾ ಬಸ್ಸಿನ್ಯಾಗ ಓಡಾಡತಾಳ" ಎಂದಳು.

ಅವಳ ಮಾತು ಸುಳ್ಳಲ್ಲ. ಜಾತಿ ಮೀರಿ ಲಗ್ನವಾಗುವವರಿಗೆ ದಿನ ಬಹಿರಂಗವಾದಷ್ಟೂ ಅಪಾಯ. ಎಷ್ಟೋ ಮಕ್ಕಳು ಯಾರಿಗೂ ಹೇಳದೆ, ಒಬ್ಬ ನೆಂಟನೂ ಇಲ್ಲದೆ, ಗೆಳೆಯರಿಬ್ಬರನ್ನು ಕರೆದುಕೊಂಡು ಹೋಗಿ ಸಹಿ ಮಾಡಿ ಬರುವುದು ಇದಕ್ಕೇ. ನಾನು ಸುಮ್ಮನೆ ಕೂತೆ. ಮಗಳೇ ಮಾತಾಡಿದಳು.

"ಯವ್ವಾ, ಜೂನ್ ತಿಂಗಳಾಗ ಸರಕಾರನ ಗ್ವಾಡಿಗೆ ಹಚ್ಚತೈತಿ. ಬ್ಯಾಡನ್ನಾವ್ರು ಅವತ್ತ ಓದತಾರ. ಅವರಿಗೆ 30 ದಿನ ಅಂತ ಕಾಯ್ದೆ ಬರದೈತಿ. ಬೇಕನ್ನಾವ್ರಿಗೆ ಎಷ್ಟ ದಿನ ಅಂತ ಎಲ್ಲೂ ಬರದಿಲ್ಲ. ಅದನ್ನ ನಾವ ಕೊಡ್ಬೇಕು. ಅವರಿಗಿಂತ ಮೊದಲ ಕೊಡ್ಬೇಕು."

ಕೊನೆಗೆ ಹೀಗೆ ಗೊತ್ತು ಮಾಡಿದೆವು. ಜೂನ್ 6ಕ್ಕೆ ನೋಟಿಸು ಕೊಡುವುದು. ಅದಕ್ಕೂ ಒಂದು ತಿಂಗಳು ಮೊದಲು, ಹೊರಗಿನ ನಮ್ಮ ಮಂದಿಗೆ ಮಾತ್ರ, ಬಾಯಿಮಾತಿನಲ್ಲಿ ಹೇಳುವುದು. ಕಾಗದ ಬೇಡ, ವಾಟ್ಸಪ್ಪು ಬೇಡ. ಉಳಿದವರಿಗೆಲ್ಲ ನೋಟಿಸು ಬಿದ್ದ ಮೇಲೆ. ಹತ್ತಿರದ ಸಾಹೇಬರುಗಳಿಗೆ ಹತ್ತು ದಿನ ಇದ್ದಾಗ.

ಮೇ 4, ಭಾನುವಾರ. ಶಾಲೆಗೆ ಬೇಸಿಗೆ ಸೂಟಿ. ವಾಸ್ಕೋಕ್ಕೆ ನಾನೇ ಹೋದೆ. ಲೋಂಡಾ, ಕ್ಯಾಸಲ್‌ರಾಕ್ ದಾಟಿ ಗಾಡಿ ಘಟ್ಟ ಇಳಿಯುವಾಗ ಸುರಂಗದೊಳಗೆ ಡಬ್ಬಿಯ ಮಕ್ಕಳೆಲ್ಲ ಕೂಗು ಹಾಕುತ್ತಿದ್ದವು. ಸುತ್ತ ಕೂತವರೆಲ್ಲ ನಮ್ಮ ಕಡೆಯವರೇ, ಕಾಲ ಕೆಳಗೆ ಜೋಳದ ಚೀಲ, ರೊಟ್ಟಿಯ ಗಂಟು. ಅಜ್ಜ ಮಂದಿಯ ಸುದ್ದಿ ಹೊತ್ತು ನಡೆದ. ನಾನು ನನ್ನ ಮನೆಯ ಸುದ್ದಿ ಹೊತ್ತು ಕೂತು ಹೋಗುತ್ತಿದ್ದೇನೆ ಎಂದುಕೊಂಡೆ. ಐವತ್ತೆಂಟು ವರ್ಷ ಬೇಕಾಯಿತು ನನಗೆ ಇಷ್ಟು ಬುದ್ಧಿ ಬರಲು.

ತಮ್ಮ ಝುವಾರಿನಗರದಲ್ಲಿ ಒಂದು ಖೋಲಿ ಹಿಡಿದಿದ್ದಾನೆ. ನನ್ನನ್ನು ಕಂಡು ಗಾಬರಿಯಾದ. "ಯಾಕಣ್ಣಾ, ಯಾರಿಗೇನಾತು?" ಎಂದ. ಮುಂಚೆ ತಿಳಿಸದೆ ಅಣ್ಣ ಬಂದನೆಂದರೆ ಸಾವಿನ ಸುದ್ದಿಯೇ ಇರಬೇಕು ಎಂದು ಅವನ ಎಣಿಕೆ. "ಯಾರಿಗೂ ಏನಾಗಿಲ್ಲೋ. ಸಣ್ಣಾಕಿ ಲಗ್ನ. ಜುಲೈ 13" ಎಂದೆ. ಅವನು ಗೋಡೆಯ ಕ್ಯಾಲೆಂಡರು ನೋಡಿದ. ಮತ್ತೆ ನನ್ನನ್ನು ನೋಡಿದ. "ಇದನ್ನ ಹೇಳಾಕ ಬಂದಿ?" ಎಂದ. ಅವನ ಹೆಂಡತಿ ಒಳಗಿನಿಂದ ನೀರು ತಂದು ಕೊಟ್ಟಳು. ಸ್ವಲ್ಪ ಹೊತ್ತು ಮೂವರೂ ಮಾತಾಡಲಿಲ್ಲ.

ಹುಡುಗನ ಜಾತಿ, ನೋಟಿಸು, ಹೆದರಿಕೆ ಎಲ್ಲ ಹೇಳಿದೆ. ಜೂನ್ 6ರ ತನಕ ಯಾರ ಮುಂದೂ ಬಾಯಿ ಬಿಡಬಾರದು ಎಂದೆ. ಅವನು ನಕ್ಕ. "ಅಜ್ಜನ ಮೊಮ್ಮಗ ಅಲ್ಲೇನು ನಾನೂ? ಊರ ಗುಟ್ಟೆಲ್ಲಾ ಹೊಟ್ಟ್ಯಾಗಿಟ್ಕೊಂಡ ಹತ್ತ ಹರದಾರಿ ನಡೀತಿದ್ದ ಆಂವಾ." ಆಮೇಲೆ ಬೆರಳು ಮಡಚಿ ಲೆಕ್ಕ ಹಾಕಿದ. "ಜುಲೈ 10ಕ್ಕ ಹೊಂಡತೇನಿ. ಮೇಸ್ತ್ರಿಗೆ ಜೂನ್ ಶುರುವಿಗೆ ಹೇಳತೇನಿ, ಬದಲಿ ಆಳು ನಾನ ಹುಡುಕಿ ಕೊಡತೇನಿ. ಘಟ್ಟದಾಗ ಮಳಿಗೆ ಮಣ್ಣ ಕುಸದು ಗಾಡಿ ನಿಂತ್ರ ಬಸ್ಸಿಗೆ ಬರಾಕ ಒಂದ ದಿನ ಕೈಯಾಗಿರ್ಲಿ." ಮಳೆಯ ಆ ಒಂದು ದಿನದ ಲೆಕ್ಕ ನನ್ನ ಪಟ್ಟಿಯಲ್ಲಿ ಇರಲಿಲ್ಲ.

ಮುಂಬೈಯವರಿಗೆ ಫೋನಿನಲ್ಲಿ ಹೇಳಿದೆ. ಜುಲೈ 11ರ ಗಾಡಿಗೆ ಮೇ 12ಕ್ಕೆ ಬುಕಿಂಗ್ ತೆರೆಯಿತು. ಅವತ್ತೇ ಮುಂಜಾನೆ ಟಿಕೀಟು ಮಾಡಿಸಿದರು, ಕೆಳಗಿನ ಬರ್ತೇ ಸಿಕ್ಕಿತು.

ಜೂನ್ 6ಕ್ಕೆ ನೋಟಿಸು ಬಿತ್ತು. ಹತ್ತು ದಿನಕ್ಕೆ ರಾತ್ರಿ ಹೊತ್ತು ಮನೆಯ ಮುಂದೆ ಎರಡು ಬೈಕು ಬಂದು ನಿಂತವು. ಮಾತಿನಲ್ಲಿ ಮರ್ಯಾದೆ ಇತ್ತು, ದನಿಯಲ್ಲಿ ಇರಲಿಲ್ಲ. ಹುಡುಗನ ಕಡೆಯ ಹಿರಿಯರೊಬ್ಬರು ಕಚೇರಿಗೆ ಹೋಗಿ ಆಕ್ಷೇಪ ಹೇಳಿದರಂತೆ. ಹುಡುಗನಿಗೆ 21, ಹುಡುಗಿಗೆ 18 ತುಂಬಿಲ್ಲದಿದ್ದರೆ, ಮೊದಲೇ ಗಂಡನೋ ಹೆಂಡತಿಯೋ ಇದ್ದರೆ, ಬುದ್ಧಿ ಸ್ಥಿಮಿತವಿಲ್ಲದಿದ್ದರೆ, ಲಗ್ನ ಕೂಡದ ರಕ್ತಸಂಬಂಧವಿದ್ದರೆ ಹೇಳಿ, ಜಾತಿ ಎಂಬುದು ಈ ಕಾಯ್ದೆಯ ಆಕ್ಷೇಪಗಳಲ್ಲಿ ಇಲ್ಲ ಎಂದು ಅಲ್ಲಿಯವರು ಕಾಯ್ದೆಯ ಪುಸ್ತಕ ತೋರಿಸಿ ಕಳಿಸಿದರು. ಆದರೂ ಹೆಂಡತಿ ರಾತ್ರಿ ನಿದ್ದೆ ಮಾಡಲಿಲ್ಲ. ಆಗ ಮಲ್ಪೆಯ ಹುಡುಗ ಊರಿನಿಂದ ಇನ್ನಿಬ್ಬರನ್ನು ಕರೆದುಕೊಂಡು ಬಂದು ನಮ್ಮ ಪಡಸಾಲೆಯಲ್ಲಿ ಹಾಸಿಗೆ ಹಾಸಿದ. ದಿನಾ ಮುಂಜಾನೆ ಒಬ್ಬ ಮಗಳ ಜೊತೆ ಚಿಗರಿ ಬಸ್ಸಿನಲ್ಲಿ ಧಾರವಾಡದ ತನಕ ಹೋಗಿ ಬರುತ್ತಿದ್ದ. ಮೊದಲೇ ಹೇಳಿಲ್ಲದಿದ್ದರೆ ಈ ಮೂವರನ್ನು ಆ ರಾತ್ರಿ ನಾನು ಎಲ್ಲಿಂದ ತರುತ್ತಿದ್ದೆ?

ಜುಲೈ 11. ಸಾಕ್ಷಿಗಳು ಮೂವರು. ಹುಡುಗನ ಅಕ್ಕ ಧೈರ್ಯ ಮಾಡಿ ಬಂದಿದ್ದಳು, ಅವಳೊಬ್ಬಳು. ಮಗಳ ಗೆಳತಿ ಒಬ್ಬಳು. ಮೂರನೆಯವನು ವಾಸ್ಕೋದ ತಮ್ಮ. ಅಲ್ಲಿದ್ದ ಯಾರೋ, "ಸಹಿ ಮಾಡಾಕ ಬರತೈತೇನ್ರಿ?" ಎಂದು ಕೇಳಿದರು. ತಮ್ಮ, "ದಿನಾ ಮಸ್ಟರ್ ಮ್ಯಾಲ ಮಾಡತೇನ್ರಿ" ಎಂದು ಹೇಳಿ, ಪೆನ್ನು ಇಸಿದುಕೊಂಡು ನಿಧಾನವಾಗಿ ಪೂರಾ ಹೆಸರು ಬರೆದ. ಅಪ್ಪನ ಹೆಸರನ್ನೂ ಸೇರಿಸಿ ಬರೆದ. ಕಾಕಾನ ಹೆಸರು ನನ್ನ ಮಗಳ ಲಗ್ನದ ಕಾಗದದ ಮೇಲೆ ಬಂದದ್ದು ಹಾಗೆ.

ಭಾನುವಾರ ಎಲ್ಲರೂ ಉಂಡರು. ಎಲ್ಲ ಸರಿಹೋಯಿತು ಎಂದು ಹೇಳಲಾರೆ. ಹುಡುಗನ ತಾಯಿ-ತಂದೆ ಬರಲಿಲ್ಲ. ಗಾರ್ಮೆಂಟ್ಸಿನ ಹುಡುಗಿಗೆ ಎರಡು ತಿಂಗಳು ಮೊದಲು ಹೇಳಿದ್ದರೂ ಶನಿವಾರ ರಜೆ ಸಿಗಲಿಲ್ಲ. ಶನಿವಾರ ರಾತ್ರಿ ಬಸ್ಸು ಹತ್ತಿ ಮುಂಜಾನೆ ಇಳಿದು, ಉಂಡು, ಸಂಜೆ ಮತ್ತೆ ಬಸ್ಸು ಹತ್ತಿದಳು. ಆದರೂ ಬಂದಳು. ಹತ್ತು ದಿನ ಮೊದಲು ಹೇಳಿಸಿಕೊಂಡ ಸಾಹೇಬರುಗಳಲ್ಲಿ ಒಬ್ಬರೂ ತಪ್ಪಿಸಲಿಲ್ಲ. ಅವರಿಗೆ ಹತ್ತು ದಿನ ಸಾಕು ಎಂಬುದು ನನಗೆ 2014ರಲ್ಲಿ ಹೊಳೆದಿರಲಿಲ್ಲ.

ಗೆಳೆಯರೆ, ಇದು ಒಂದು ಮನೆಯ ಲಗ್ನದ ಮಾತಷ್ಟೇ ಅಲ್ಲ. ನಮ್ಮ ಸಮಾವೇಶಗಳನ್ನು ನೆನಪು ಮಾಡಿಕೊಳ್ಳಿ. ಭಾಷಣಕ್ಕೆ ಬರುವ ಅತಿಥಿಗೆ ಎರಡು ತಿಂಗಳು ಮೊದಲು ಫೋನು, ಟಿಕೀಟು, ರೂಮು. ಯಾರ ಹೆಸರಿನಲ್ಲಿ ಸಮಾವೇಶವೋ ಆ ಕೂಲಿಕಾರರಿಗೆ ಎರಡು ದಿನ ಮೊದಲು ಕರಪತ್ರ. ಆಮೇಲೆ ಕುರ್ಚಿ ಖಾಲಿ ಕಂಡರೆ ನಮ್ಮ ಜನರಲ್ಲಿ ಜಾಗೃತಿಯಿಲ್ಲ ಎಂದು ಬೈಯುತ್ತೇವೆ. ಹಳ್ಳಿಯ ಮಾಸ್ತರರು ಪಾಲಕರ ಸಭೆ ಕರೆಯುವುದೂ ಹೀಗೇ, ಸುಗ್ಗಿಯ ನಡುವೆ, ಹಿಂದಿನ ದಿನ ಮಕ್ಕಳ ಕೈಲಿ ಚೀಟಿ ಕೊಟ್ಟು. ನಾನೂ ಹಾಗೇ ಕರೆದವನು. ಬರಲು ಯಾರಿಗೆ ಹೆಚ್ಚು ಕಷ್ಟವೋ, ಬಂದರೆ ಯಾರ ಪಗಾರ ಮುರಿಯುತ್ತದೋ, ಯಾರು ಇನ್ನೊಬ್ಬರ ಅಪ್ಪಣೆ ಕೇಳಿ ಹೊರಡಬೇಕೋ ಅವರಿಗೆ ಮೊದಲು ಹೇಳಬೇಕು. ಆಗುವುದಾದರೆ ದಿನ ಗೊತ್ತು ಮಾಡುವ ಮೊದಲೇ ಅವರನ್ನು ಕೇಳಬೇಕು. ಸಮೀಪದಲ್ಲಿ ಕಾರು ಇಟ್ಟುಕೊಂಡವರಿಗೆ ಕೊನೆಗೆ ಹೇಳಿದರೂ ನಡೆಯುತ್ತದೆ.

ತಮ್ಮ ಸೋಮವಾರ ವಾಸ್ಕೋಕ್ಕೆ ಹೋದ. ಬುಧವಾರ ಫೋನ್ ಮಾಡಿ, "ಜಾಗಾ ಹಂಗ ಐತಣ್ಣಾ, ಕೆಲಸಕ್ಕ ಇಳದೆ" ಎಂದ. ಅವನ ಕಂಕುಳ ಕೂಸು ಈಗ ಹನ್ನೆರಡು ವರ್ಷದ ಹುಡುಗಿ, ಅಲ್ಲೇ ಶಾಲೆಗೆ ಹೋಗುತ್ತಾಳೆ. ಮಾತು ಮುಗಿಸುವಾಗ ನಗುತ್ತ ಹೇಳಿದ: "ಇಕಿ ಲಗ್ನಕ್ಕ ಇನ್ನೂ ಹತ್ತಹನ್ನೆರಡ ವರ್ಷ ಐತಿ. ಆದ್ರ ದಿನಾ ಇಡೂ ಮೊದಲ ನಿನ್ನ ಕೇಳತೇನಿ."